ಅಡ್ಡಗೆರೆಯ ಕೆಳಗಿನ ಹೆಸರು

ಹಲಗೆಯ ಮೇಲೆ ಸಾಸಿವೆಯಷ್ಟು ಚುಕ್ಕಿಗಳು ಒಂದೊಂದಾಗಿ ಉಬ್ಬಿ ಬರುತ್ತಿದ್ದವು. ಮೊದಮೊದಲು ನೆಲ ಹಿಡಿದು ಎಡದಿಂದ ಬಲಕ್ಕೆ ಸಾಗಿದ್ದವು. ಈಗ ಗೋಡೆ ಹತ್ತುವ ಹಾಗೆ ಮೇಲಕ್ಕೇರುತ್ತಿದ್ದವು. ನೀರುಗಂಟಿ ಪುಟ್ಟೀರಮ್ಮ ಅವುಗಳ ಮೇಲೆ ಬೆರಳಾಡಿಸುತ್ತಿದ್ದಳು. ಕೆರೆಯ ನೀರು ಬಿಡುವುದೂ ನಿಲ್ಲಿಸುವುದೂ ಅವಳ ಕೆಲಸ.

ಇದು ಇನ್ನು ಮೂವತ್ತು ನಲವತ್ತು ವರ್ಷ ಕಳೆದ ಮೇಲಿನ ಮಾತು. ಆಗ ಈ ನಂಟುಹಲಗೆ ಊರೂರಿಗೂ ಬಂದಿತ್ತು. ಕೆರೆ ಏರಿಯ ಮಣ್ಣಿನಲ್ಲಿ ರಾಗಿಕಾಳಿನಷ್ಟು ಸಣ್ಣ ಸಂವೇದಕಗಳನ್ನು ಬೆರೆಸಿದ್ದರು. ನೀರಿನ ಎತ್ತರ, ಮಣ್ಣಿನ ತೇವ, ಏರಿಯ ಬುಡದಲ್ಲಿ ಒಸರುವ ನೀರು, ಎಲ್ಲವನ್ನೂ ಅವು ಅಳೆದು ಹಲಗೆಗೆ ಕಳಿಸುತ್ತಿದ್ದವು. ಎರಡು ಅಳತೆಗಳ ಹೆಸರು ಹೇಳಿದರೆ ಸಾಕು. ಒಂದನ್ನು ಅಡ್ಡಗೆರೆಯಲ್ಲಿ, ಇನ್ನೊಂದನ್ನು ನಿಂತ ಗೆರೆಯಲ್ಲಿ ಇಟ್ಟು, ಒಂದು ಬದಲಾದಂತೆ ಇನ್ನೊಂದು ಹೇಗೆ ಬದಲಾಗುತ್ತದೆಂದು ಹಲಗೆ ತಾನೇ ನಕ್ಷೆ ಬರೆಯುತ್ತಿತ್ತು. ಅದನ್ನು ಕಂಡುಹಿಡಿದ ನಜ್ಮಾ ಮಳೆಗಾಲದ ತಪಾಸಣೆಗೆಂದು ಅವತ್ತು ಅಲ್ಲೇ ಇದ್ದರು.

ಎರಡು ದಿನ ಸುರಿದ ಮಳೆಗೆ ಕೆರೆ ದಿಢೀರನೆ ತುಂಬಿತ್ತು. ಹಲಗೆಯ ಮೇಲೆ ಒಸರಿನ ಚುಕ್ಕಿಗಳು ಗೋಡೆ ಹತ್ತಿದಂತೆ ಏರುತ್ತಿವೆಯೆಂಬ ಸುದ್ದಿ ಕೇಳಿ ಏರಿಯ ಕೆಳಗಿನ ಕೇರಿಯವರು ಓಡಿ ಬಂದರು.

"ಇನ್ನೂ ಹಲಗೆ ಸವರ್ತಾ ನಿಂತಿದ್ದೀಯಲ್ಲಕ್ಕ!" ಎಂದ ಕರಿಯಣ್ಣ, ಪುಟ್ಟೀರಮ್ಮನ ಚಿಕ್ಕಪ್ಪನ ಮಗ. "ತೂಬು ಎತ್ತು. ನಿನ್ನ ಮನೆ ದಿಬ್ಬದ ಮೇಲೈತೆ, ನಿಂಗೇನು? ಏರಿ ಒಡೆದ್ರೆ ಕೊಚ್ಕೊಂಡು ಹೋಗೋದು ನಾವು."

"ಎತ್ತಿದ್ರೆ ನೀರೆಲ್ಲ ಹಳ್ಳದ ಪಾಲು. ಬೇಸಗೇಲಿ ನಿನ್ನ ಎಮ್ಮೆಗೆ ಏನು ಕುಡಿಸ್ತೀಯ, ಈ ಬಾಯಿಮಾತನ್ನಾ?"

ಯಾರೋ ನಕ್ಕರು, ಆದರೆ ನಗು ಉಳಿಯಲಿಲ್ಲ. ಅವಳ ಕೈ ಆಗಲೇ ತೂಬಿನ ಚಕ್ರದ ಮೇಲಿತ್ತು.

ನಜ್ಮಾ ಹಲಗೆಯ ಅಡಿಯನ್ನು ಬಗ್ಗಿ ನೋಡಿದರು. "ಅಡ್ಡಗೆರೆಯಲ್ಲಿ ಕಾಲ ಇದೆ," ಎಂದರು. "ಯಾರೂ ಏನೂ ಹೇಳದಿದ್ದರೆ ಅದೇ ಬರುವ ಹಾಗೆ ಮಾಡಿದವಳು ನಾನೇ. ಕಾಲ ತೆಗೆದು ಅಲ್ಲಿ ನೀರಿನ ಎತ್ತರ ಹಾಕಿ, ಅಮ್ಮ."

ಪುಟ್ಟೀರಮ್ಮ ಹಲಗೆಗೆ ಹಾಗೇ ಹೇಳಿದಳು. ಚುಕ್ಕಿಗಳೆಲ್ಲ ಅಡಗಿ, ಮತ್ತೆ ಮೂಡಿದವು. ಗೋಡೆ ಇರಲಿಲ್ಲ. ಹೆಚ್ಚುಕಡಿಮೆ ನೇರವಾದ, ಓರೆಯಾದ ಒಂದು ಸಾಲು.

"ನೀರು ಬೇಗ ಏರಿತು, ಒಸರೂ ಬೇಗ ಏರಿತು," ಎಂದರು ನಜ್ಮಾ. "ಆದರೆ ಏರಿದ ಒಂದೊಂದು ಗೇಣು ನೀರಿಗೆ ಎಷ್ಟು ಒಸರಬೇಕೋ ಅಷ್ಟೇ ಒಸರುತ್ತಿದೆ."

"ನಿಮ್ಮ ಹಲಗೆ ಒಂದು ಗಳಿಗೇಲಿ ಎರಡು ಮಾತಾಡ್ತದೆ," ಎಂದ ಕರಿಯಣ್ಣ. "ಯಾವುದನ್ನ ನಂಬಿ ಮಕ್ಕಳನ್ನ ಮಲಗಿಸ್ಲಿ?"

ನಜ್ಮಾಗೆ ಸಿಟ್ಟು ಬರಲಿಲ್ಲ. ಕೇಳಬೇಕಾದ ಪ್ರಶ್ನೆಯೇ ಅದು. "ಸ್ವಲ್ಪ ನೀರು ಬಿಟ್ಟು ನೋಡೋಣ. ಏರಿಯ ಒಳಗೆ ಮಣ್ಣು ಕೊರೆದುಹೋಗಿದ್ದರೆ, ನೀರು ಇಳಿದ ಮೇಲೂ ಒಸರು ಹಿಂದಿನಷ್ಟಕ್ಕೆ ಇಳಿಯುವುದಿಲ್ಲ. ಚುಕ್ಕಿಗಳು ಈ ಸಾಲು ಬಿಟ್ಟು ಮೇಲೆ ನಿಲ್ಲುತ್ತವೆ. ಹಾಗಾದರೆ ಪೂರ್ತಿ ತೂಬು ಎತ್ತೋಣ."

"ಒಂದು ಗೇಣು ನೀರು," ಎಂದು ಪುಟ್ಟೀರಮ್ಮ ಚಕ್ರ ತಿರುಗಿಸಿದಳು. "ಅದಕ್ಕಿಂತ ಬೆರಳಗಲ ಹೆಚ್ಚಿಲ್ಲ."

ಕೇರಿಯವರು ಮಕ್ಕಳನ್ನೂ ದನಗಳನ್ನೂ ದಿಬ್ಬಕ್ಕೆ ಹತ್ತಿಸಿ ಬಂದು ಕೂತರು. ಹಗಲೆಲ್ಲ ಕಾದರು. ನೀರು ಇಳಿಯಿತು. ಹೊಸ ಚುಕ್ಕಿಗಳು ಹಳೆಯವುಗಳ ಪಕ್ಕದಲ್ಲೇ, ಹತ್ತಿದ ದಾರಿಯಲ್ಲೇ ಕೆಳಗಿಳಿದವು. ಕರಿಯಣ್ಣ ಬೆರಳಿಟ್ಟು ಮೂರು ಸಲ ಸವರಿ ನೋಡಿದ. ಕೊನೆಗೆ ತಾನೇ ಅಕ್ಕನ ಜೊತೆ ಚಕ್ರ ತಿರುಗಿಸಿ ತೂಬು ಮುಚ್ಚಿದ.

ಆಮೇಲಿನ ನಂಟುಹಲಗೆಗಳು ತಾವಾಗಿ ಕಾಲವನ್ನು ಹಾಕಿಕೊಳ್ಳುವುದನ್ನು ಬಿಟ್ಟವು. ಯಾವುದಕ್ಕೆ ಯಾವುದನ್ನು ಹೋಲಿಸಲಿ ಎಂದು ಮೊದಲು ಕೇಳುತ್ತಿದ್ದವು. ಜನಕ್ಕೂ ಆ ಕೇಳುವ ಚಾಳಿ ಹತ್ತಿತು.

ಮುಂದಿನ ವರ್ಷ ಆರೋಗ್ಯ ಕೇಂದ್ರದ ಗೋಡೆಗೆ ಜ್ವರದ ನಕ್ಷೆಯೊಂದನ್ನು ಅಂಟಿಸಿದ್ದರು. ಬರೀ ಕಾಗದದ್ದು, ಇವತ್ತು ನಾವು ಪತ್ರಿಕೆಯಲ್ಲಿ ನೋಡುವಂಥದ್ದೇ. ಗೆರೆ ವಾರದಿಂದ ವಾರಕ್ಕೆ ಕಡಿದಾಗಿ ಏರಿತ್ತು. ಜನ ಅದರ ತುದಿ ನೋಡಿ ಗಾಬರಿಯಾಗಿದ್ದರೆ, ಕರಿಯಣ್ಣ ಬಗ್ಗಿ ಕೆಳಗೆ ಬರೆದದ್ದನ್ನು ಓದುತ್ತಿದ್ದ.

"ಹೋದ ವಾರ ಎಷ್ಟು ಜನದ ರಕ್ತ ಪರೀಕ್ಷೆ ಮಾಡಿದ್ರವ್ವಾ? ಈ ವಾರ ಎಷ್ಟು?" ಎಂದು ನರ್ಸಮ್ಮನನ್ನು ಕೇಳಿದ.

"ಈ ವಾರ ಬಹಳ ಜನದ್ದು ಮಾಡಿದ್ವಿ. ಅದನ್ನ ಇದರಲ್ಲಿ ಹಾಕಿಲ್ಲ."

"ಅದನ್ನ ಹಾಕು ಮೊದಲು. ಹೆದರೋದೇ ಆದ್ರೆ ಆಮೇಲೆ ಎಲ್ರೂ ಸೇರಿ ಹೆದರಾನ."