ಪಂತರ ತೀರ್ಪು

ಕರಿಹೊಳೆಯ ಕಬ್ಬಿಣದ ಸೇತುವೆ ನೀರಿನ ಸೆಳೆತಕ್ಕೆ ಸಣ್ಣಗೆ ನಡುಗಿತು. ಕಂಬಗಳಿಗೆ ಅಂಟಿಸಿದ್ದ ಸಂವೇದಕಗಳು ಆ ನಡುಕವನ್ನು ಅಳೆದು ಯಂತ್ರಕ್ಕೆ ಕಳಿಸಿದವು. ಯಂತ್ರ ವಯಸ್ಸಾದ ಗಂಡಸಿನ ದನಿಯಲ್ಲಿ, "ಚಿಂತೆಯಿಲ್ಲ. ಗಾಡಿ ಬರಲಿ," ಎಂದಿತು.

ದನಿ ಊಹೆಯದು, ಬುದ್ಧಿ ಮಾತ್ರ ಧೋಂಡೋಪಂತ ಕರ್ಜಗಿಯವರದು. ಉಗಿಬಂಡಿಯ ಕಾಲದಲ್ಲಿ ಇದೂ ಸೇರಿ ಎಪ್ಪತ್ತಮೂರು ರೈಲು ಸೇತುವೆ ಕಟ್ಟಿದ ಎಂಜಿನಿಯರು, ತೀರಿಕೊಂಡು ನೂರೈವತ್ತು ವರ್ಷವಾಗಿತ್ತು. ಕಟ್ಟಿದ್ದರಲ್ಲಿ ಒಂದೂ ಬಿದ್ದಿರಲಿಲ್ಲ. ಅವರ ನಲವತ್ತು ವರ್ಷದ ದಿನಚರಿಗಳನ್ನು ಉಣಿಸಿ, ಅವರಂತೆಯೇ ಯೋಚಿಸುವ ಯಂತ್ರವನ್ನು ವಿಜ್ಞಾನಿ ವಾರಿಜಾ ಹಂಪಿಹೊಳಿ ಮಾಡಿದ್ದಳು. ಇಲಾಖೆಯ ಹಿಗ್ಗು ಹೇಳತೀರದು.

ದಡದ ಕಾವಲುಮನೆಯಲ್ಲಿ ಯಂತ್ರದ ಮುಂದೆ ಕೂತಿದ್ದ ವಾರಿಜಾಳ ಬಳಿಗೆ ಸೇತುವೆಯ ಕಾವಲುಗಾರ ಮಾಬುಸಾಬ ಏದುಸಿರು ಬಿಡುತ್ತ ಬಂದ.

"ಅಕ್ಕಾರ, ಮೂರನೇ ಕಂಬದ ಸಪ್ಪಳ ಬ್ಯಾರೆ ಆಗೇತಿ. ಗಾಡಿ ಬಿಡಬ್ಯಾಡ್ರಿ."

"ಪಂತರೇ ಹೂಂ ಅಂದಾರಲ್ಲ ಕಾಕಾ?"

"ಪಂತರು ಇಷ್ಟು ಲಗೂ ಹೂಂ ಅನ್ನೋರಲ್ರಿ. ಅನುಮಾನ ಬಂದದ್ದೆಲ್ಲಾ ಬಳಪದಲೆ ಪಾಟಿ ಮ್ಯಾಲ ಬರದು, ಅನುಮಾನ ತೀರಿದ ಮ್ಯಾಲ ಒರಸಿ, ಆಮ್ಯಾಲ ದಿನಚರಿ ಮುಟ್ಟತಿದ್ರಂತ. ಆ ಪಾಟಿ ತೊಳಿಯೂದು ನಮ್ಮ ಮುತ್ತಜ್ಜನ ಕೆಲಸ."

ವಾರಿಜಾ ಯಂತ್ರದತ್ತ ತಿರುಗಿದಳು. "ಪಂತರೇ, ನೀವು ಎಂದಾದರೂ ಗಾಡಿ ನಿಲ್ಲಿಸಿದ್ದುಂಟೇ?"

"ದಿನಚರಿಯಲ್ಲಿ ಹಾಗೆಂದಿಲ್ಲ," ಎಂದಿತು ಯಂತ್ರ.

ಅಳುಕೆಲ್ಲ ತೊಳೆದುಹೋದ ಮೇಲಿನ ಪಂತರನ್ನಷ್ಟೇ ಅವಳು ಯಂತ್ರಕ್ಕೆ ಕಲಿಸಿದ್ದಳು. ಅವಳನ್ನು ಬೈದು ಏನು ಬಂತು? ನಾವೂ ಗೆದ್ದದ್ದನ್ನು ದುಂಡಗೆ ಬರೆದಿಟ್ಟು, ಹೆದರಿದ್ದನ್ನು ಒರೆಸಿಹಾಕುವವರೇ.

"ಕಾಕಾ, ಕೆಂಪು ಬಾವುಟ!"

ಒಂಬೈನೂರು ಜನರಿದ್ದ ಗಾಡಿ ಸೇತುವೆಗೆ ನೂರು ಗಜ ದೂರದಲ್ಲಿ ಕಿರುಚಿ ನಿಂತಿತು. ಮಾಬುಸಾಬ ಹೊಳೆಗಿಳಿದು ಮೂರನೇ ಕಂಬದ ಬುಡಕ್ಕೆ ತನ್ನ ಕೋಲು ಚುಚ್ಚಿದ. ನೀರು ಅಡಿಪಾಯವನ್ನು ಕೊರೆದುಬಿಟ್ಟಿತ್ತು. ಕೋಲು ಪೂರ್ತಿ ಒಳಗೆ ಹೋಯಿತು.

ಉಳಿದ ಎಪ್ಪತ್ತೆರಡು ಸೇತುವೆಗಳನ್ನೂ ಇದೇ ಯಂತ್ರ ಕಾಯುತ್ತಿತ್ತು. ವಾರಿಜಾ ನಿಯಂತ್ರಣ ಕೊಠಡಿಗೆ ಫೋನು ಮಾಡಿ, ಎಲ್ಲ ಗಾಡಿಗಳನ್ನೂ ನಿಲ್ಲಿಸಿ ಎಂದು ಅಂಗಲಾಚಿದಳು.

"ಎಲ್ಲ ಕಡೆಯೂ ಪಂತರು ಸರಿ ಅಂತಿದ್ದಾರೆ, ಮೇಡಂ," ಎಂದ ಅಧಿಕಾರಿ. "ಅವರ ಮಾತು ಮೀರಬಾರದು ಅಂತ ನಿಯಮ ಬರೆದುಕೊಟ್ಟವರು ನೀವೇ ಅಲ್ಲವೇ?"

ಅವಳು ಸೇತುವೆಗಳ ಕಾವಲುಮನೆಗಳಿಗೆ ಒಂದೊಂದಾಗಿ ಫೋನು ಹಚ್ಚಿದಳು. ಮೊದಲನೆಯದನ್ನು ಯಾರೂ ಎತ್ತಲಿಲ್ಲ. ಎರಡನೆಯದೂ ಹಾಗೆಯೇ ಬಡಿದುಕೊಂಡು ಸುಮ್ಮನಾಯಿತು.

ತೊಯ್ದ ಬಟ್ಟೆಯಲ್ಲಿ ಬಾಗಿಲಿಗೆ ಬಂದು ನಿಂತಿದ್ದ ಮಾಬುಸಾಬ ತಲೆ ತಗ್ಗಿಸಿದ.

"ಅಲ್ಲಿ ಯಾರದಾರ ಅಕ್ಕಾರ? ನಿಮ್ಮ ಯಂತ್ರ ಬಂದಮ್ಯಾಲ ಎಲ್ಲಾರನೂ ಮನಿಗೆ ಕಳಿಸ್ಯಾರ. ಉಳದಾಂವ ನಾನೊಬ್ಬನ."

ವಾರಿಜಾ ಮೂರನೆಯ ನಂಬರು ಒತ್ತಿದಳು.