ಶವಾಗಾರದಲ್ಲಿ ಹೆಣೆದ ಜಡೆ

ಸೋಮವಾರ ಬೆಳಿಗ್ಗೆ 10.20ಕ್ಕೆ ಆಸ್ಪತ್ರೆಯ ಶವಾಗಾರದ ಕಾವಲುಗಾರ ಠಾಣೆಗೆ ಬಂದು ದೂರು ಕೊಟ್ಟ. ಏನೂ ಕಳುವಾಗಿರಲಿಲ್ಲ. ಮೇಲ್ಸೇತುವೆಯ ಕೆಳಗೆ ಸಿಕ್ಕಿದ್ದ, ಗುರುತು ಪತ್ತೆಯಾಗದ ಹುಡುಗಿಯ ಶವಕ್ಕೆ ಯಾರೋ ಜಡೆ ಹಾಕುತ್ತಿದ್ದರು.

"ಊಟಕ್ಕೆ ಹೋಗಿ ಬರೋದ್ರೊಳಗೆ ಬಿಗಿಯಾಗಿ ಹೆಣೆದಿರುತ್ತೆ ಸಾರ್. ನೋಡೋಣ ಅಂತ ಬಿಚ್ಚಿದೆ. ಮಾರನೇ ದಿನ ಮತ್ತೆ ಹಾಗೇ."

ಇನ್‌ಸ್ಪೆಕ್ಟರ್ ನಗಲಿಲ್ಲ. ಹುಡುಗಿಯ ಸಾವಿನ ತನಿಖೆ ಅವನದೇ. ಅವಳ ಮುಂಗೈಯಲ್ಲಿ ಯಾರೋ ಬಲವಾಗಿ ಹಿಡಿದ ಗುರುತಿತ್ತು. ಹುಡುಕಿಕೊಂಡು ಒಂದು ನರಪಿಳ್ಳೆಯೂ ಬಂದಿರಲಿಲ್ಲ. ಅತಿಕ್ರಮ ಪ್ರವೇಶಕ್ಕೆ ಎಫ್‌ಐಆರ್ ದಾಖಲಿಸಿ, ಮಹಿಳಾ ಹೆಡ್ ಕಾನ್‌ಸ್ಟೇಬಲ್ ಜೊತೆ ಹೊರಟ.

ಶವಾಗಾರದ ಬಾಗಿಲಿಗೆ ಎಂಟು ಗುಂಡಿಗಳ ಬೀಗ. ಸರಿಯಾದ ಮೂರನ್ನು ಒಟ್ಟಿಗೆ ಒತ್ತಿದರೆ ತೆರೆಯುತ್ತಿತ್ತು. ಎಲ್ಲೂ ಒಂದು ಗೀರೂ ಇಲ್ಲವೆಂದು ಪಂಚನಾಮೆಯಲ್ಲಿ ಬರೆದರು.

"ಆ ಮೂರು ಯಾರಿಗೆ ಗೊತ್ತು?"

"ನನಗೆ, ಡಾಕ್ಟರಿಗೆ," ಎಂದ ಕಾವಲುಗಾರ. "ಮೂರನೇ ಕಿವಿಗೆ ಬಿದ್ದಿಲ್ಲ."

"ಗೊತ್ತಿಲ್ಲದೋರು ತೆಗೆಯೋಕಾಗಲ್ವಾ?"

"ಸಾವಿರಾರು ಥರ ಬರುತ್ತೆ ಸಾರ್. ತಿಪ್ಪರಲಾಗ ಹಾಕಿದ್ರೂ ಆಗಲ್ಲ."

ಇನ್‌ಸ್ಪೆಕ್ಟರ್ ಗೋಡೆಗೊರಗಿ ಲೆಕ್ಕ ಹಾಕಿದ. ಮೊದಲ ಗುಂಡಿಗೆ ಎಂಟು ಆಯ್ಕೆ, ಎರಡನೆಯದಕ್ಕೆ ಏಳು, ಮೂರನೆಯದಕ್ಕೆ ಆರು: ಮುನ್ನೂರ ಮೂವತ್ತಾರು. ಆದರೆ ಒಟ್ಟಿಗೆ ಒತ್ತುವಾಗ ಮೊದಲು ಯಾವುದು, ಆಮೇಲೆ ಯಾವುದು ಎಂಬುದಿಲ್ಲ. ಒಂದು-ಎರಡು-ಮೂರು ಅಂದರೂ ಅದೇ, ಮೂರು-ಒಂದು-ಎರಡು ಅಂದರೂ ಅದೇ. ಹಾಗಾಗಿ ಪ್ರತಿ ಗುಂಪೂ ಆರಾರು ಸಲ ಲೆಕ್ಕಕ್ಕೆ ಬಂದಿದೆ. ಆರರಿಂದ ಭಾಗಿಸಿದ.

"ಬರೀ ಐವತ್ತಾರು. ಐದು ನಿಮಿಷದ ಕೆಲಸ," ಎಂದ. "ಯಾರಿಗೆ ಗೊತ್ತಿತ್ತು ಅಂತ ಹುಡುಕಿ ಫಲವಿಲ್ಲ. ಒಂದೊಂದಾಗಿ ಒತ್ತಿಕೊಂಡು ನಿಲ್ಲೋ ಅಷ್ಟು ಇವಳು ಯಾರಿಗೆ ಬೇಕಾಗಿದ್ದಳು?"

ಮಂಗಳವಾರ ಅವನೇ ನಿಂತು ಬೀಗದ ಮೂರು ಗುಂಡಿಗಳ ಗುಂಪು ಬದಲಿಸಿದ. ಹೊಸದು ಅವನೊಬ್ಬನಿಗೇ ಗೊತ್ತು. ಮಧ್ಯಾಹ್ನ ಕಾವಲುಗಾರ ಊಟಕ್ಕೆ ಹೊರಟಾಗ ಇಬ್ಬರು ಪೊಲೀಸರೂ ಒಳಗೇ ಉಳಿದರು.

ಹೊರಗೆ ಸುಡುಬಿಸಿಲು, ಒಳಗೆ ಮೂಳೆ ಕೊರೆಯುವ ಚಳಿ. ಬಾಗಿಲಲ್ಲಿ ಕಟ್ ಎಂದಿತು. ತೆರೆಯಲಿಲ್ಲ. ಮತ್ತೆ ಕಟ್. ಮತ್ತೆ. ಅವಸರವಿಲ್ಲದೆ, ಮಗ್ಗಿ ಒಪ್ಪಿಸುವ ಮಗುವಿನ ಹಾಗೆ ಒಂದೇ ಲಯ. ಸದ್ದು ಬಾಗಿಲಿಂದಲ್ಲ, ಬೆನ್ನ ಹಿಂದಿನ ಬಿಳಿ ಹೊದಿಕೆಯ ಕೆಳಗಿಂದ ಬರುತ್ತಿದೆ ಅನ್ನಿಸಿ ಇನ್‌ಸ್ಪೆಕ್ಟರ್ ತಿರುಗಿ ನೋಡಿದ. ನಲವತ್ತು ಸಲ ದಾಟಿದ ಮೇಲೆ ಬಾಗಿಲು ತೆರೆಯಿತು.

ಬಂದವಳು ಆಸ್ಪತ್ರೆಯ ಬಟ್ಟೆ ಒಗೆಯುವ ಹೆಂಗಸು. ಕೈಯಲ್ಲಿ ಬಾಚಣಿಗೆ. ಪೊಲೀಸರನ್ನು ಕಂಡರೂ ಓಡಲಿಲ್ಲ.

"ಬೀಗ ಹೇಗೆ ತೆಗೆದೆ?"

"ಕಾವಲಣ್ಣ ಮೂರು ಬೆರಳಲ್ಲಿ ಒತ್ತೋದು ಕಂಡಿತ್ತು. ಒತ್ತುತ್ತಾ ಹೋದ್ರೆ ಯಾವುದೋ ಒಂದು ಆಗಲೇಬೇಕಲ್ಲ."

"ಇವಳು ಯಾರಮ್ಮ?"

"ನನ್ನ ತಂಗಿ."

"ಗುರುತು ಹೇಳೋಕೆ ಯಾಕೆ ಬರಲಿಲ್ಲ?"

"ತಂಗಿ ಅಂದ್ರೆ, ಹೇಗೆ ಸತ್ತಳು ಅಂತಾನೂ ಕೇಳ್ತೀರಲ್ಲ ಸಾರ್."

"ಹೇಗೆ ಸತ್ತಳು?"

"ಸೇತುವೆ ಮೇಲೆ ಜಗಳ ಆಯ್ತು. ಕೈ ಕೊಸರಿಕೊಂಡಳು, ಜಾರಿದಳು." ಬಾಚಣಿಗೆಯನ್ನು ಹೊದಿಕೆಯ ಮೇಲಿಟ್ಟಳು. "ಇಲ್ಲ. ನಾನೇ ತಳ್ಳಿದೆ."

1.50ಕ್ಕೆ ಬಂಧಿಸಿದರು. ತಾಯಿ ತೀರಿಕೊಂಡಾಗ ತಂಗಿಗೆ ನಾಲ್ಕು ವರ್ಷ, ಸಾಕಿ ಬೆಳೆಸಿದ್ದು ತಾನೇ ಎಂದು ಅವಳ ಹೇಳಿಕೆಯಲ್ಲಿದೆ. ದಿನಾ ತಲೆ ಬಾಚಿ, ಜಡೆ ಹೆಣೆದು ಶಾಲೆಗೆ ಕಳಿಸುತ್ತಿದ್ದಳು. ಮನೆ ಬಿಟ್ಟು ಹೊರಟ ದಿನ ಹುಡುಗಿ ಕೆದರಿದ ಕೂದಲಲ್ಲೇ ನಡೆದಳು. ಅಟ್ಟಿಸಿಕೊಂಡು ಹೋಗಿ ಕೈ ಹಿಡಿದ ಅಕ್ಕನಿಗೆ, "ನೀನೇನು ನನ್ನ ಹೆತ್ತವಳಾ?" ಎಂದಳು.

ಶವ ಪಡೆಯಲು ಬೇರೆ ದಿಕ್ಕಿರಲಿಲ್ಲ. ನ್ಯಾಯಾಲಯದ ಅನುಮತಿ ಪಡೆದು ಗುರುವಾರ ಅಕ್ಕನನ್ನೇ ಸ್ಮಶಾನಕ್ಕೆ ಕರೆದೊಯ್ದರು. ಗುಂಡಿಯ ಅಂಚಿನಲ್ಲಿ ಹೆಡ್ ಕಾನ್‌ಸ್ಟೇಬಲ್ ಇನ್‌ಸ್ಪೆಕ್ಟರ್ ಮುಖ ನೋಡಿದಳು. ಅವನು ತಲೆಯಾಡಿಸಿದ. ಬೇಡಿ ಬಿಚ್ಚಿದ ಮೇಲೆ ಅಕ್ಕ ಎರಡೂ ಕೈ ತುಂಬ ಮಣ್ಣೆತ್ತಿಕೊಂಡಳು. ಬಹಳ ಹೊತ್ತು ಹಾಕದೆ ನಿಂತಿದ್ದಳು. ಯಾರೂ ಅವಸರ ಮಾಡಲಿಲ್ಲ.