ಮನೆಮಗಳ ಮಡಿಲಿಗೆ ಕೆಂಪು ಭತ್ತ

ಶರ್ವಾಣಿ ಮೊದಲ ಸಲ ಮಲ್ಲಿಪಟ್ಟಣಕ್ಕೆ ಬಂದಾಗ ಸುದರ್ಶನ್ ಅವಳನ್ನು ಬೀಜದ ಕಂಪನಿಯ ಏಜೆಂಟ್ ಅಂದುಕೊಂಡ. ಹೆಗಲಲ್ಲಿ ಬ್ಯಾಗು, ಕೈಯಲ್ಲಿ ಸಣ್ಣ ಸಣ್ಣ ಬಟ್ಟೆ ಚೀಲ, ಮುಖದ ತುಂಬ ನಗು. ಇಂಥದೇ ನಗುವಿಗೆ ಮರುಳಾಗಿ ಹೋದ ವರ್ಷ ಅರ್ಧ ಊರು ಮೊಳೆಯದ ಬೀಜ ಬಿತ್ತಿ ಕೂತಿತ್ತು. ಅವಳು ಬಾಯಿ ತೆರೆಯುವ ಮೊದಲೇ, ನಮಗೇನೂ ಬೇಡ ಮೇಡಂ, ಮುಂದಿನ ಮನೆ ನೋಡಿ ಅಂದುಬಿಟ್ಟ.

"ನಾನು ಮಾರೋಕೆ ಬಂದಿಲ್ಲ ರೀ, ಬೇಡೋಕೆ ಬಂದಿದೀನಿ. ನಿಮ್ಮನೇಲಿ ಹಳೇ ಭತ್ತ ಏನಾದ್ರೂ ಉಳಿದಿದ್ಯಾ?"

ಸುದರ್ಶನ್‌ಗೆ ನಾಚಿಕೆಯಾಯಿತು. ಆ ನಾಚಿಕೆಯಲ್ಲೇ ಪ್ರೀತಿ ಶುರುವಾಯಿತು ಅಂದರೆ ಅತಿಯಾಯಿತು ಅನ್ನಬೇಡಿ, ಆಗಿದ್ದು ಹಾಗೇ.

ಅದು ಎರಡು ಸಾವಿರದ ಒಂದನೇ ಇಸವಿ. ಶರ್ವಾಣಿ ಹೊಳೆನರಸೀಪುರದ ತಿರುನಾರಾಯಣ ಮೇಷ್ಟ್ರ ಮಗಳು. ಹಾಸನದಲ್ಲಿ ಸಿಕ್ಕಿದ್ದ ಲೆಕ್ಚರರ್ ಕೆಲಸ ಬಿಟ್ಟು, ಊರೂರು ಸುತ್ತಿ ನಾಟಿ ಬೀಜ ಕೂಡಿಸುತ್ತಿದ್ದಳು. ಒಂದು ಮನೆಯಿಂದ ತಂದದ್ದನ್ನು ಹತ್ತು ಮನೆಗೆ ಹಂಚುವುದು, ಬೆಳೆದವರು ಮತ್ತೆ ಹತ್ತು ಮನೆಗೆ ಕೊಡುವುದು. ಬೀಜಕ್ಕಾಗಿ ಅಂಗಡಿ ಮುಂದೆ ಕೈಚಾಚಿ ನಿಂತ ಮೇಲೆ ರೈತನ ಅನ್ನ ರೈತನದಲ್ಲ ಅನ್ನುವುದು ಅವಳ ವಾದ.

ಆ ವಾದ ಕೇಳುವ ನೆಪದಲ್ಲಿ ಸುದರ್ಶನ್ ಅರಕಲಗೂಡಿನ ಹಳ್ಳಿಗಳಿಗೆಲ್ಲ ಅವಳನ್ನು ಬೈಕಿನಲ್ಲಿ ಕರೆದುಕೊಂಡು ಹೋದ. ವಾದ ಮಾಡುವಾಗ ಅವಳ ಮೂಗಿನ ತುದಿ ಕೆಂಪಾಗುತ್ತಿತ್ತು. ಅದನ್ನು ನೋಡಲೆಂದೇ ಇವನು ಬೇಕಂತ ಯೂರಿಯಾ ಪರ ಮಾತಾಡುತ್ತಿದ್ದ. ಅವಳಿಗದು ಗೊತ್ತಾಗಿ, ಓರೆಗಣ್ಣಲ್ಲಿ ಒಮ್ಮೆ ನೋಡಿ, ಇನ್ನೂ ಜೋರಾಗಿ ವಾದಿಸುತ್ತಿದ್ದಳು.

ಸುದರ್ಶನ್ ಮನೆಯಲ್ಲಿ ನಿಜಕ್ಕೂ ಒಂದು ಹಳೇ ಭತ್ತವಿತ್ತು. ಬಾಣಂತಿಯರ ಗಂಜಿಗೆಂದೇ ಬೆಳೆಯುವ ಕೆಂಪು ಭತ್ತ. ಅವನ ತಾಯಿ ಲಕ್ಕಮ್ಮ ಕೆರೆ ಕೆಳಗಿನ ಗದ್ದೆಯ ಒಂದೇ ಮಡಿಯಲ್ಲಿ ಅದನ್ನು ಬೆಳೆಯುತ್ತಿದ್ದಳು, ಬೀಜ ಮಾತ್ರ ಯಾರಿಗೂ ಕೊಡುತ್ತಿರಲಿಲ್ಲ. ಆ ಮನೆಯ ಕಟ್ಟಳೆ ಹಾಗೆ. ಸೊಸೆಯಾಗಿ ಬಂದವಳು ಬೀಜ ಕಾಯಬೇಕು, ಹೊರಗೆ ಕೊಡುವಂತಿಲ್ಲ. ಅದು ಹೊಸ್ತಿಲು ದಾಟಿದರೆ ಮನೆಮಗಳ ಮಡಿಲಲ್ಲೇ ದಾಟಬೇಕು. ಮಗಳು ಅದನ್ನು ಯಾರಿಗೆ ಬೇಕಾದರೂ ಕೊಡಬಹುದು. ಲಕ್ಕಮ್ಮನಿಗೆ ಹೆಣ್ಣುಮಕ್ಕಳಿರಲಿಲ್ಲ.

ಇದನ್ನೆಲ್ಲ ಸುದರ್ಶನ್ ಕೆರೆ ಏರಿಯ ಮೇಲೆ ಕೂತು ಅವಳಿಗೆ ಹೇಳಿದ. ಹೇಳಿ, "ಈ ಭತ್ತ ಬೇಕಂದ್ರೆ ನೀವು ನಮ್ಮನೆಗೇ ಬಂದುಬಿಡಬೇಕು" ಅಂದ. ಅವಳು ನಕ್ಕಳು. ನಗು ನಿಂತ ಮೇಲೂ ಅವಳ ಕಣ್ಣು ಅವನ ಮೇಲೇ ಇತ್ತು. ಸುದರ್ಶನ್‌ಗೆ ಉತ್ತರ ಸಿಕ್ಕಿದಂತಾಯಿತು. ಅವರದು ಅಯ್ಯಂಗಾರರ ಮನೆ, ಇವರದು ಒಕ್ಕಲಿಗರ ಮನೆ. ಎದ್ದೇಳಲಿದ್ದ ಜಗಳಕ್ಕೆ ಅವನು ಒಳಗೊಳಗೇ ತಯಾರಾಗತೊಡಗಿದ.

ಆ ಕಾರ್ತೀಕದಲ್ಲಿ ಅವಳು ಮೊಸಳೆ ಅನ್ನುವ ಹಳ್ಳಿಯಿಂದ ಬರಿಗೈಲಿ ಬಂದಳು. ಅಲ್ಲಿ ಶಿವಗಂಗಮ್ಮ ಎಂಬ ಮುದುಕಿಯೊಬ್ಬಳ ಗದ್ದೆಯಲ್ಲಿ ಮಾತ್ರ ಉಳಿದಿದ್ದ ಒಂದು ತಳಿಯ ಭತ್ತಕ್ಕೆ ಬೆಂಕಿರೋಗ ಬಡಿದು ಎಲ್ಲ ಹೊಟ್ಟಾಗಿತ್ತು. ಬೇರೆ ಯಾರ ಹತ್ತಿರವೂ ಒಂದು ಹಿಡಿ ಬೀಜ ಇರಲಿಲ್ಲ. ಶರ್ವಾಣಿ ಅತ್ತದ್ದನ್ನು ಸುದರ್ಶನ್ ಮೊದಲ ಸಲ ನೋಡಿದ. ಅವಳ ಬೆನ್ನು ಸವರಲು ಎತ್ತಿದ ಕೈಯನ್ನು ಮುಟ್ಟದೆಯೇ ಇಳಿಸಿದ.

ಲಕ್ಕಮ್ಮನ ಮಡಿ ಕೊಯ್ಲಾದ ಮೇಲೆ ಒಂದು ಶುಕ್ರವಾರ ಅವನು ಪೇಟೆಯಿಂದ ಬಂದಾಗ ಶರ್ವಾಣಿ ನಡುಮನೆಯಲ್ಲಿ ಮಣೆಯ ಮೇಲೆ ಕೂತಿದ್ದಳು. ಯಾವತ್ತೂ ಚೂಡಿದಾರ್ ಹಾಕುವವಳು ಅವತ್ತು ಸೀರೆ ಉಟ್ಟಿದ್ದಳು. ನನ್ನನ್ನು ಮಗಳು ಅಂದುಕೊಳ್ತೀರಾ ಎಂದು ಲಕ್ಕಮ್ಮನನ್ನು ಅವಳೇ ಕೇಳಿದ್ದಳಂತೆ. ಏನೂ ಅರಿಯದ ಆ ತಾಯಿ ಸಂತೋಷಕ್ಕೆ ಕಣ್ಣೊರೆಸಿಕೊಳ್ಳುತ್ತ ಅವಳ ಕೆನ್ನೆಗೆ ಅರಿಶಿನ ಹಚ್ಚುತ್ತಿದ್ದಳು.

"ಏನ್ಲಾ ಅಂಗೆ ನಿಂತ್ಕಂಡೆ? ನಂಗೂ ಒಬ್ಳು ಎಣ್ಮಗಳು ಬಂದ್ಲು ಕಣ್ಲಾ. ಆ ಭತ್ತದ ಮೊರ ಎತ್ಕೊಡು. ಅಣ್ಣ ಆದೋನೇ ಎತ್ಕೊಡ್ಬೇಕು."

ಶರ್ವಾಣಿ ತಲೆಯೆತ್ತಿ ಅವನನ್ನು ನೋಡಿದಳು. ಇವನು ಒಂದು ಮಾತು ಆಡಿದ್ದರೆ ಸಾಕು, ಅವ್ವ ಅಲ್ಲೇ ನಿಲ್ಲಿಸುತ್ತಿದ್ದಳು. ಅವನಿಗೆ ಮೊಸಳೆಯಿಂದ ಬಂದ ದಿನದ ಅವಳ ಅಳು ನೆನಪಾಯಿತು. ಮೊರ ಎತ್ತಿಕೊಟ್ಟ. ಲಕ್ಕಮ್ಮ ಬೊಗಸೆ ಬೊಗಸೆಯಾಗಿ ಕೆಂಪು ಭತ್ತವನ್ನು ಅವಳ ಸೆರಗಿಗೆ ಸುರಿದಳು. ತಂಗಿಯನ್ನು ಬಸ್ಸು ಹತ್ತಿಸಿ ಬರುವಂತೆ ಮಗನಿಗೆ ಹೇಳಿದಳು.

ಇಬ್ಬರೂ ಬಸ್ಸಿಗೆ ಕಾಯುತ್ತ ನಿಂತರು.

"ನೀವು ಬೇಡ ಅಂತೀರೇನೋ ಅಂದ್ಕೊಂಡಿದ್ದೆ" ಅಂದಳು ಶರ್ವಾಣಿ.

"ಅಂದಿದ್ರೆ?"

"ಇದ್ದುಬಿಡ್ತಿದ್ದೆ. ನಿಮ್ಮ ಜೊತೆ ಇರೋಕೆ ನನಗೆ ಎಷ್ಟು ಆಸೆ ಇತ್ತು ಗೊತ್ತಾ ಸುದರ್ಶನ್? ಆದ್ರೆ ಪ್ರತಿ ವರ್ಷ ಆ ಒಂದು ಮಡಿ ನೋಡ್ಕೊಂಡು ಹೆದರ್ತಾ ಕೂರಬೇಕಿತ್ತು."

ಅವನಿಗೂ ಹೇಳುವುದು ಬಹಳವಿತ್ತು. ಅಣ್ಣನಾಗಿ ಆ ಮೊರ ಎತ್ತಿಕೊಟ್ಟ ಮೇಲೆ ಪ್ರೀತಿಸ್ತೀನಿ ಅನ್ನುವ ಮಾತನ್ನು ಹೇಗೆ ಹೇಳುವುದು? ಗೊತ್ತು, ಹೇಳಬೇಡಿ ಅಂದಳು ಅವಳು. ಬಸ್ಸು ಬಂತು.

ಮರುವರ್ಷ ಆ ಭತ್ತ ಹೊಳೆನರಸೀಪುರ, ಚನ್ನರಾಯಪಟ್ಟಣದ ಹತ್ತಾರು ಗದ್ದೆಗಳಲ್ಲಿ ಪೈರಾಗಿ ನಿಂತಿತ್ತು. ಇನ್ನು ಯಾವುದೋ ಒಂದು ಗದ್ದೆಗೆ ರೋಗ ಬಂದರೂ ಅದು ಅಳಿಯುವಂತಿರಲಿಲ್ಲ. ಗೌರಿ ಹಬ್ಬ ಬಂತು. ಲಕ್ಕಮ್ಮ ಬಾಗಿನ ಸಿದ್ಧ ಮಾಡಿ, ತವರಿನಿಂದ ಮಗಳಿಗೆ ಹೋಗಬೇಕಾದದ್ದು, ಅಣ್ಣನೇ ಒಯ್ಯಬೇಕು ಎಂದು ಮಗನ ಕೈಗಿಟ್ಟಳು. ಸುದರ್ಶನ್‌ಗೆ ಒಲ್ಲೆ ಅನ್ನಲಾಗಲಿಲ್ಲ.

ಶರ್ವಾಣಿ ಸೆರಗೊಡ್ಡಿ ಬಾಗಿನ ತೆಗೆದುಕೊಂಡಳು. ತಿರುನಾರಾಯಣ ಮೇಷ್ಟ್ರು ಪಕ್ಕದಲ್ಲೇ ನಿಂತಿದ್ದರು. ಅವಳು ಪದ್ಧತಿಯಂತೆ ಬಗ್ಗಿ ಸುದರ್ಶನ್ ಕಾಲು ಮುಟ್ಟಿದಳು. ಬೇಗ ಒಳ್ಳೆಯ ಗಂಡ ಸಿಗಲಿ ಅಂತ ಅಣ್ಣಂದಿರು ತಂಗಿಯರನ್ನು ಹರಸುತ್ತಾರೆ. ಅವನ ಬಾಯಿಗೆ ಆ ಮಾತು ಬರಲಿಲ್ಲ.

"ಬೆಳೆ ಚೆನ್ನಾಗಿ ಬರಲಿ" ಅಂದ.